ವಿಲ್ಸನ್, ವುಡ್ರೋ: ಪ್ರಿನ್ಸ್‌ಟನ್ನಿನ ಅಧ್ಯಕ್ಷ

ವಿಲ್ಸನ್, ವುಡ್ರೋ : 1856-1924. ಅಮೆರಿಕದ ರಾಜ್ಯಶಾಸ್ತ್ರಜ್ಞ, ಪ್ರಿನ್ಸ್‌ಟನ್ ವಿಶ್ವವಿದ್ಯಾಲಯದ 13ನೆಯ ಅಧ್ಯಕ್ಷ (1902-10), ನ್ಯೂಜೆರ್ಸಿಯ ಗವರ್ನರ್ (1911-13), ಅಮೆರಿಕದ 28ನೆಯ ರಾಷ್ಟ್ರಾಧ್ಯಕ್ಷ (1913-21). ಆ ದೇಶದ ಅಧ್ಯಕ್ಷರಲ್ಲಿ ಪಿಎಚ್.ಡಿ. ಪಡೆದವನು ಈತನೊಬ್ಬನೇ. ಮೊದಲ ಮಹಾಯುದ್ಧ, ಹದಿನಾಲ್ಕು ಅಂಶಗಳು, ರಾಷ್ಟ್ರಸಂಘ ಎಂದೊಡನೆ ನೆನಪಾಗುವ ಈತ ತನ್ನ ದುಡಿಮೆಯ ಬದುಕಿನ ಹೆಚ್ಚಿನ ಭಾಗವನ್ನು ಕಳೆದದ್ದು ತರಗತಿಯಲ್ಲಿ, ವಿಶ್ವವಿದ್ಯಾಲಯದ ಕಚೇರಿಯಲ್ಲಿ. ಸರ್ಕಾರಗಳು ಹೇಗೆ ನಡೆಯುತ್ತವೆ, ನಾಯಕನಾದವನು ಹೇಗಿರಬೇಕು ಎಂದು ಇಪ್ಪತ್ತು ವರ್ಷ ಬರೆದವನ ಕೈಗೆ ಒಂದು ಸಂಸ್ಥೆಯ ಆಡಳಿತ ಸಿಕ್ಕಿತು. ಅವನ ಸಿದ್ಧಾಂತಗಳು ಮೊದಲು ಒರೆಗೆ ಹತ್ತಿದ್ದು ಶ್ವೇತಭವನದಲ್ಲಲ್ಲ, ಪ್ರಿನ್ಸ್‌ಟನ್ನಿನಲ್ಲಿ. ಈ ಲೇಖನದ ವಿಷಯ ಆ ಎಂಟು ವರ್ಷಗಳು ಮತ್ತು ಅವುಗಳ ಹಿಂದಿನ ಸಿದ್ಧತೆ.

ಹುಟ್ಟಿದ್ದು 1856ರ ಡಿಸೆಂಬರ್ 28ರಂದು, ವರ್ಜೀನಿಯಾದ ಸ್ಟಾಂಟನ್ ಊರಿನಲ್ಲಿ. ತಂದೆ ಜೋಸೆಫ್ ರಗಲ್ಸ್ ವಿಲ್ಸನ್ ಪ್ರೆಸ್ಬಿಟೇರಿಯನ್ ಪಂಥದ ಪಾದ್ರಿ. ಬಾಲ್ಯ ಕಳೆದದ್ದು ಜಾರ್ಜಿಯದ ಅಗಸ್ಟ, ದಕ್ಷಿಣ ಕ್ಯಾರೊಲಿನದ ಕೊಲಂಬಿಯ ಮೊದಲಾದ ಕಡೆ, ಅಂತರ್ಯುದ್ಧದಲ್ಲಿ ಸೋತು ಸುಣ್ಣವಾದ ದಕ್ಷಿಣದಲ್ಲಿ. ಹುಡುಗ ಓದಲು ಕಲಿತದ್ದು ತಡವಾಗಿ, ಹತ್ತರ ಆಸುಪಾಸಿನಲ್ಲಿ. ಆದರೆ ಮಾತು ತಂದೆಯ ಬಳುವಳಿಯಾಗಿ ಬಂತು. ಮಗ ಬರೆದ ವಾಕ್ಯವನ್ನು ತಂದೆ ತಿದ್ದಿಸಿ ಮತ್ತೆ ಬರೆಸುತ್ತಿದ್ದ. ಡೇವಿಡ್ಸನ್ ಕಾಲೇಜಿನಲ್ಲಿ ಒಂದು ವರ್ಷ ಕಳೆದು, 1875ರಲ್ಲಿ ಪ್ರಿನ್ಸ್‌ಟನ್ ಊರಿನ ಕಾಲೇಜು ಸೇರಿದ. ಆಗ ಅದರ ಹೆಸರು ಕಾಲೇಜ್ ಆಫ್ ನ್ಯೂಜೆರ್ಸಿ. ಅಲ್ಲಿ ವಿದ್ಯಾರ್ಥಿ ಪತ್ರಿಕೆಯ ಸಂಪಾದಕನಾದ, ಚರ್ಚಾಕೂಟಗಳನ್ನು ಕಟ್ಟಿದ, ಬ್ರಿಟಿಷ್ ಪಾರ್ಲಿಮೆಂಟಿನ ಭಾಷಣಗಳನ್ನು ಓದಿ ಓದಿ ಬಾಯಿಪಾಠ ಮಾಡಿಕೊಂಡ. ಕೊನೆಯ ವರ್ಷ ಬರೆದ, ಅಮೆರಿಕದಲ್ಲೂ ಇಂಗ್ಲೆಂಡಿನಂಥ ಸಂಪುಟ ಸರ್ಕಾರ ಬೇಕೆನ್ನುವ ಲೇಖನ 1879ರಲ್ಲಿ ಇಂಟರ್‌ನ್ಯಾಷನಲ್ ರಿವ್ಯೂ ಪತ್ರಿಕೆಯಲ್ಲಿ ಅಚ್ಚಾಯಿತು. ಅದನ್ನು ಒಪ್ಪಿಕೊಂಡ ಸಂಪಾದಕ ಹೆನ್ರಿ ಕ್ಯಾಬಟ್ ಲಾಜ್. ನಲವತ್ತು ವರ್ಷಗಳ ಮೇಲೆ ಸೆನೆಟ್ಟಿನಲ್ಲಿ ರಾಷ್ಟ್ರಸಂಘದ ಒಪ್ಪಂದಕ್ಕೆ ಅಡ್ಡಗಾಲು ಹಾಕಿದವನೂ ಇವನೇ.

ವಕೀಲಿ ಹಿಡಿಸಲಿಲ್ಲ. ವರ್ಜೀನಿಯಾ ವಿಶ್ವವಿದ್ಯಾಲಯದಲ್ಲಿ ಕಾನೂನು ಓದಿ, ಅಟ್ಲಾಂಟದಲ್ಲಿ ಫಲಕ ತೂಗುಹಾಕಿ, ಕಕ್ಷಿದಾರರಿಲ್ಲದೆ ಕುಳಿತು, 1883ರಲ್ಲಿ ಬಾಲ್ಟಿಮೋರಿನ ಜಾನ್ಸ್ ಹಾಪ್ಕಿನ್ಸ್ ವಿಶ್ವವಿದ್ಯಾಲಯಕ್ಕೆ ಬಂದ. ಜರ್ಮನ್ ಮಾದರಿಯ ಸಂಶೋಧನೆಯನ್ನು ಅಮೆರಿಕಕ್ಕೆ ತಂದ ಸಂಸ್ಥೆ ಅದು. ಹರ್ಬರ್ಟ್ ಬ್ಯಾಕ್ಸ್ಟರ್ ಆಡಮ್ಸನ ವಿಚಾರಗೋಷ್ಠಿಯಲ್ಲಿ ಹಳೆಯ ಕಡತ ಕೆದಕುವುದು ವಿಲ್ಸನ್ನನಿಗೆ ಬೇಸರದ ಕೆಲಸ. ವಾಲ್ಟರ್ ಬ್ಯಾಜಟ್ ಇಂಗ್ಲೆಂಡಿನ ಸಂವಿಧಾನವನ್ನು ಕಾನೂನಿನ ಪುಸ್ತಕದಿಂದ ಹೊರಗೆ ತಂದು, ಅದು ನಡೆಯುವ ಬಗೆಯನ್ನು ತೋರಿಸಿದಂತೆ ಅಮೆರಿಕದ್ದನ್ನೂ ತೋರಿಸಬೇಕೆಂಬ ಆಸೆ ಅವನದು. ಹಾಗೆ ಬರೆದ ಕಾಂಗ್ರೆಷನಲ್ ಗವರ್ನ್‌ಮೆಂಟ್ 1885ರಲ್ಲಿ ಪ್ರಕಟವಾಯಿತು. ಮರುವರ್ಷ ಅದೇ ಪಿಎಚ್.ಡಿ. ಪ್ರಬಂಧವೆಂದು ಮಾನ್ಯವಾಯಿತು. ಪುಸ್ತಕದ ವಾದ ಸರಳ: ಅಮೆರಿಕವನ್ನು ಆಳುತ್ತಿರುವುದು ಕಾಂಗ್ರೆಸ್ಸಿನ ಸ್ಥಾಯಿ ಸಮಿತಿಗಳು, ಅವು ಕದ ಮುಚ್ಚಿಕೊಂಡು ಕೆಲಸ ಮಾಡುತ್ತವೆ, ಅಧಿಕಾರ ಅಷ್ಟು ತುಂಡಾಗಿ ಹಂಚಿಹೋಗಿದೆ ಎಂದರೆ ತಪ್ಪಾದಾಗ ಯಾರ ಕೊರಳಪಟ್ಟಿ ಹಿಡಿಯಬೇಕೆಂಬುದೇ ಪ್ರಜೆಗೆ ತಿಳಿಯದು. ವಾಷಿಂಗ್ಟನ್ ಬಾಲ್ಟಿಮೋರಿನಿಂದ ರೈಲಿನಲ್ಲಿ ಹೋಗಿಬರುವಷ್ಟು ಹತ್ತಿರ. ಆದರೂ ಈ ಪುಸ್ತಕ ಬರೆಯುವಾಗ ವಿಲ್ಸನ್ ಒಮ್ಮೆಯೂ ಕಾಂಗ್ರೆಸ್ಸಿನ ಕಲಾಪ ನೋಡಲು ಹೋಗಲಿಲ್ಲ. ಇದನ್ನು ಅವನ ಟೀಕಾಕಾರರು ಇಂದಿಗೂ ಎತ್ತಿ ಆಡುತ್ತಾರೆ. ಅದು ನ್ಯಾಯವಾದ ಟೀಕೆಯೇ. ಮನಸ್ಸಿನಲ್ಲಿ ವ್ಯವಸ್ಥೆಯೊಂದರ ಚಿತ್ರ ಮೂಡಿತೆಂದರೆ ಅದರೊಳಗಿನ ಮನುಷ್ಯರನ್ನು ಹತ್ತಿರದಿಂದ ನೋಡುವ ಗೊಡವೆಗೆ ಹೋಗದ ಈ ಗುಣ ಮುಂದೆ ಪ್ರಿನ್ಸ್‌ಟನ್ನಿನಲ್ಲಿ ಅವನಿಗೆ ಬಲು ದುಬಾರಿಯಾಯಿತು.

1885ರಲ್ಲಿ ಎಲೆನ್ ಆಕ್ಸನ್‌ಳೊಂದಿಗೆ ಮದುವೆ. ಈಕೆ ಚಿತ್ರಕಲಾವಿದೆ, ಗಂಡನಿಗಿಂತ ಮನುಷ್ಯರನ್ನು ಚೆನ್ನಾಗಿ ಅಳೆಯಬಲ್ಲವಳು. ಮೂವರು ಹೆಣ್ಣುಮಕ್ಕಳು. ಹಿರಿಯವಳಾದ ಮಾರ್ಗರೆಟ್ ಕೊನೆಗಾಲಕ್ಕೆ ಪುದುಚೇರಿಯ ಅರವಿಂದಾಶ್ರಮ ಸೇರಿ, ನಿಷ್ಠಾ ಎಂಬ ಹೆಸರು ಪಡೆದು, 1944ರಲ್ಲಿ ಅಲ್ಲಿಯೇ ತೀರಿಕೊಂಡಳು.

ಮೊದಲ ಕೆಲಸ ಆಗಷ್ಟೇ ಶುರುವಾಗಿದ್ದ ಬ್ರಿನ್ ಮಾರ್ ಮಹಿಳಾ ಕಾಲೇಜಿನಲ್ಲಿ (1885-88). ಅಲ್ಲಿನ ಡೀನ್ ಎಂ. ಕ್ಯಾರಿ ಥಾಮಸ್‌ಗೂ ಇವನಿಗೂ ಹೊಂದಿಕೆಯಾಗಲಿಲ್ಲ. ಹೆಣ್ಣುಮಕ್ಕಳಿಗೆ ರಾಜಕೀಯ ಕಲಿಸುವುದರಲ್ಲಿ ಅವನಿಗೆ ಉತ್ಸಾಹವಿರಲಿಲ್ಲ. ಆ ಕಾಲದವನಾದ್ದರಿಂದ ಹಾಗೆ ಎಂದು ಬಿಡುವಂತಿಲ್ಲ, ಅದೇ ಕಾಲದಲ್ಲಿ ಆ ಕಾಲೇಜನ್ನೇ ಕಟ್ಟಿದವರೂ ಇದ್ದರು. ಮುಂದಿನ ಎರಡು ವರ್ಷ ಕನೆಕ್ಟಿಕಟ್ಟಿನ ವೆಸ್ಲಿಯನ್‌ನಲ್ಲಿ. ನಾನಾ ದೇಶಗಳ ಸರ್ಕಾರಗಳನ್ನು ಹೋಲಿಸುವ ದಿ ಸ್ಟೇಟ್ ಎಂಬ ಪಠ್ಯಪುಸ್ತಕ 1889ರಲ್ಲಿ ಬಂತು.

ಆದರೆ ಈ ಅವಧಿಯ ಮುಖ್ಯ ಬರಹ 1887ರ ಜೂನ್‌ನಲ್ಲಿ ಪೊಲಿಟಿಕಲ್ ಸೈನ್ಸ್ ಕ್ವಾರ್ಟರ್ಲಿಯಲ್ಲಿ ಪ್ರಕಟವಾದ ಆಡಳಿತದ ಅಧ್ಯಯನ ಕುರಿತ ಪ್ರಬಂಧ. ಕರ್ನಾಟಕದ ಕಾಲೇಜುಗಳಲ್ಲಿ ಸಾರ್ವಜನಿಕ ಆಡಳಿತ ಓದಿದವರಿಗೆ, ಕೆಎಎಸ್, ಐಎಎಸ್ ಪರೀಕ್ಷೆಗೆ ಕೂತವರಿಗೆ ವಿಲ್ಸನ್ ಎಂದರೆ ಮೊದಲು ಈ ಪ್ರಬಂಧವೇ. ಯುಪಿಎಸ್‌ಸಿಯ ಸಾರ್ವಜನಿಕ ಆಡಳಿತ ಪಠ್ಯಕ್ರಮದ ಆರಂಭದ ಭಾಗದಲ್ಲೇ ಅವನ ದೃಷ್ಟಿಕೋನಕ್ಕೆ ಜಾಗವಿದೆ. ಸಂವಿಧಾನ ರಚಿಸುವುದಕ್ಕಿಂತ ಅದನ್ನು ನಡೆಸುವುದು ಕಷ್ಟದ ಕೆಲಸವಾಗುತ್ತಿದೆ, ಆದ್ದರಿಂದ ಆಡಳಿತವೆಂಬುದೇ ಒಂದು ಶಾಸ್ತ್ರವಾಗಬೇಕು, ಅದನ್ನು ರಾಜಕೀಯದ ಎಳೆದಾಟದಿಂದ ದೂರ ಇಡಬೇಕು, ಪ್ರಷ್ಯದ ಅರಸೊತ್ತಿಗೆಯನ್ನು ಒಪ್ಪದೆಯೂ ಅವರ ಕಚೇರಿಗಳ ದಕ್ಷತೆಯನ್ನು ಕಲಿಯಬಹುದು ಎಂಬುದು ಅದರ ಸಾರ. ಪ್ರಕಟವಾದಾಗ ಅದನ್ನು ಗಮನಿಸಿದವರು ಕಡಿಮೆ. ಇಪ್ಪತ್ತನೆಯ ಶತಮಾನದಲ್ಲಿ ಸಾರ್ವಜನಿಕ ಆಡಳಿತ ಪ್ರತ್ಯೇಕ ಶಾಸ್ತ್ರವಾಗಿ ಬೆಳೆದ ಮೇಲೆ ಅದರ ಮೂಲಪುರುಷನ ಪಟ್ಟ ಹಿಂದಿನಿಂದ ವಿಲ್ಸನ್‌ಗೆ ಬಂತು. ನಮ್ಮ ಪಠ್ಯಪುಸ್ತಕಗಳು ಇಷ್ಟಕ್ಕೆ ನಿಲ್ಲುತ್ತವೆ. ರಾಜಕೀಯವನ್ನೂ ಆಡಳಿತವನ್ನೂ ಬೇರ್ಪಡಿಸಬಹುದೆಂದು ಬರೆದವನು ಸ್ವತಃ ಆಡಳಿತಗಾರನಾದಾಗ ಏನಾಯಿತೆಂಬುದನ್ನು ಹೇಳುವುದಿಲ್ಲ. ಹೇಳಿದರೆ ವಿದ್ಯಾರ್ಥಿಗೆ ಆ ಪ್ರಬಂಧ ಇನ್ನೂ ಚೆನ್ನಾಗಿ ಅರ್ಥವಾಗುತ್ತಿತ್ತು.

1890ರಲ್ಲಿ ತಾನು ಓದಿದ ಕಾಲೇಜಿಗೇ ನ್ಯಾಯಶಾಸ್ತ್ರ ಮತ್ತು ಅರ್ಥಶಾಸ್ತ್ರದ ಪ್ರಾಧ್ಯಾಪಕನಾಗಿ ಮರಳಿದ. ವಿದ್ಯಾರ್ಥಿಗಳು ಹಲವು ವರ್ಷ ಅವನನ್ನೇ ಅತ್ಯಂತ ಮೆಚ್ಚಿನ ಅಧ್ಯಾಪಕನೆಂದು ಆರಿಸಿದರು. ತರಗತಿಯ ಕೊನೆಗೆ ಚಪ್ಪಾಳೆ ಬೀಳುತ್ತಿತ್ತು. ಮೇಲ್ವಿಚಾರಕರಿಲ್ಲದೆ ಪರೀಕ್ಷೆ ಬರೆಯುವ, ನಕಲು ಮಾಡಿಲ್ಲವೆಂದು ವಿದ್ಯಾರ್ಥಿಯೇ ಮಾತು ಕೊಟ್ಟು ಸಹಿ ಹಾಕುವ ಪದ್ಧತಿ 1893ರಲ್ಲಿ ಜಾರಿಗೆ ಬಂದಾಗ ಅದರ ಬೆನ್ನಿಗೆ ನಿಂತವರಲ್ಲಿ ಈತನೂ ಒಬ್ಬ. ಅದು ಬಹುಕಾಲ ಪ್ರಿನ್ಸ್‌ಟನ್ನಿನ ಹೆಮ್ಮೆಯಾಗಿ ಉಳಿಯಿತು. 1896ರಲ್ಲಿ ಕಾಲೇಜಿಗೆ 150 ವರ್ಷ ತುಂಬಿ ಅದು ಪ್ರಿನ್ಸ್‌ಟನ್ ವಿಶ್ವವಿದ್ಯಾಲಯವಾಯಿತು. ಆ ಉತ್ಸವದಲ್ಲಿ ವಿಲ್ಸನ್ ಮಾಡಿದ ಭಾಷಣದ ವಿಷಯ ರಾಷ್ಟ್ರಸೇವೆಯಲ್ಲಿ ಪ್ರಿನ್ಸ್‌ಟನ್. ವಿಶ್ವವಿದ್ಯಾಲಯ ಪಂಡಿತರನ್ನು ತಯಾರಿಸಿದರೆ ಸಾಲದು, ದೇಶ ನಡೆಸುವವರನ್ನೂ ತಯಾರಿಸಬೇಕೆಂಬ ಆ ಮಾತು ಮುಂದೆ ಸಂಸ್ಥೆಯ ಧ್ಯೇಯವಾಕ್ಯವೇ ಆಯಿತು. ಅದೇ ವರ್ಷ ಬಲಗೈ ಸ್ವಾಧೀನ ತಪ್ಪಿತು. ಬರವಣಿಗೆ ನಿಲ್ಲಿಸದೆ ಎಡಗೈಯಲ್ಲಿ ಬರೆಯಲು ಕಲಿತ.

ಅಧ್ಯಕ್ಷ ಪದವಿ

ಆಗಿನ ಅಧ್ಯಕ್ಷ ಫ್ರಾನ್ಸಿಸ್ ಲ್ಯಾಂಡಿ ಪ್ಯಾಟನ್ ದೇವತಾಶಾಸ್ತ್ರದ ವಿದ್ವಾಂಸ. ಆಡಳಿತದಲ್ಲಿ ಮಾತ್ರ ಕೈ ಆಡಿಸದ ಮನುಷ್ಯ. ಶಿಸ್ತು ಸಡಿಲವಾಯಿತು, ಓದು ಹಿಂದೆ ಬಿತ್ತು. 1902ರ ಜೂನ್ 9ರಂದು ಆತ ರಾಜೀನಾಮೆ ಕೊಟ್ಟ. ಅದೇ ದಿನ ಟ್ರಸ್ಟಿಗಳು ಒಮ್ಮತದಿಂದ ವಿಲ್ಸನ್ನನನ್ನು ಆರಿಸಿದರು. ಅದುವರೆಗಿನ ಹನ್ನೆರಡೂ ಅಧ್ಯಕ್ಷರು ಪಾದ್ರಿಗಳು. ಪಾದ್ರಿಯಲ್ಲದೆ ಆ ಪೀಠಕ್ಕೆ ಬಂದ ಮೊದಲಿಗ ಈತ.

ಅಮೆರಿಕದ ಖಾಸಗಿ ವಿಶ್ವವಿದ್ಯಾಲಯದ ಅಧ್ಯಕ್ಷನಿಗೂ ನಮ್ಮ ಕುಲಪತಿಗೂ ಇರುವ ಅಂತರವನ್ನು ಇಲ್ಲಿ ಗಮನಿಸಬೇಕು. ಕರ್ನಾಟಕದ ಸರ್ಕಾರಿ ವಿಶ್ವವಿದ್ಯಾಲಯಗಳಲ್ಲಿ ಕುಲಪತಿ ಸಾಮಾನ್ಯವಾಗಿ ರಾಜ್ಯಪಾಲರ ಆದೇಶದಿಂದ ಬರುತ್ತಾರೆ, ನಿಗದಿತ ಅವಧಿ ಮುಗಿಸಿ ಹೋಗುತ್ತಾರೆ. ಹಣ ಬಹುಪಾಲು ಸರ್ಕಾರದ್ದು. ಪ್ರಿನ್ಸ್‌ಟನ್ನಿನ ಅಧ್ಯಕ್ಷ ಟ್ರಸ್ಟಿಗಳ ವಿಶ್ವಾಸ ಇರುವವರೆಗೆ ಇರುತ್ತಾನೆ. ಹಣವನ್ನು ಹಳೆಯ ವಿದ್ಯಾರ್ಥಿಗಳ ಮನೆಬಾಗಿಲಿಗೆ ಹೋಗಿ ತಾನೇ ತರಬೇಕು. ಅಧಿಕಾರ ಹೆಚ್ಚು, ಆದರೆ ಅದರ ಹಗ್ಗ ದಾನಿಗಳ ಕೈಯಲ್ಲಿ. ವಿಲ್ಸನ್ ಬಂದೊಡನೆ ಟ್ರಸ್ಟಿಗಳ ಮುಂದಿಟ್ಟ ಬೇಡಿಕೆ ಸುಮಾರು 1.25 ಕೋಟಿ ಡಾಲರ್. ಸಂಸ್ಥೆಯ ಬಳಿ ಆಗ ಇದ್ದ ದತ್ತಿನಿಧಿಯ ಮೂರು ಪಟ್ಟಿಗೂ ಮಿಕ್ಕಿದ ಮೊತ್ತ ಅದು. ಕೇಳಿದವರು ಹುಬ್ಬೇರಿಸಿದರು. ಪೂರ್ತಿ ಬರಲಿಲ್ಲ, ಆದರೆ ಕನಸಿನ ಅಳತೆ ಎಷ್ಟೆಂಬುದು ಎಲ್ಲರಿಗೂ ತಿಳಿಯಿತು.

ಮೊದಲ ಕೆಲಸ ಶಿಸ್ತಿನದು. ಗಣಿತಜ್ಞ ಹೆನ್ರಿ ಫೈನ್ 1903ರಲ್ಲಿ ಬೋಧಕವರ್ಗದ ಡೀನ್ ಆದ. ಓದದವರು, ನಕಲು ಮಾಡಿದವರು ಯಾರ ಮಕ್ಕಳೇ ಆಗಿರಲಿ ಹೊರಗೆ ಹೋಗಬೇಕಾಯಿತು. ಪ್ರವೇಶದ ಸಂಖ್ಯೆ ಇಳಿದರೂ ವಿಲ್ಸನ್ ಬಗ್ಗಲಿಲ್ಲ. ಎರಡನೆಯದು ಪಠ್ಯಕ್ರಮ. ಹಾರ್ವರ್ಡಿನಲ್ಲಿ ಚಾರ್ಲ್ಸ್ ಎಲಿಯಟ್ ವಿದ್ಯಾರ್ಥಿಗೆ ಬೇಕಾದ್ದನ್ನು ಬೇಕಾದಂತೆ ಆರಿಸಿಕೊಳ್ಳುವ ಸ್ವಾತಂತ್ರ್ಯ ಕೊಟ್ಟಿದ್ದ. ಅದು ಸಂತೆಯಲ್ಲಿ ಸಿಕ್ಕಿದ್ದನ್ನೆಲ್ಲ ಚೀಲಕ್ಕೆ ತುಂಬಿಕೊಂಡು ಬಂದ ಹಾಗೆ ಆಗುತ್ತದೆಂಬ ಆಕ್ಷೇಪ ಹಲವರದು. ವಿಲ್ಸನ್ ಮಧ್ಯದ ದಾರಿ ಹಿಡಿದ. ಮೊದಲೆರಡು ವರ್ಷ ಬಹುಪಾಲು ಎಲ್ಲರಿಗೂ ಸಮಾನವಾದ ಬುನಾದಿ, ಕೊನೆಯ ಎರಡು ವರ್ಷ ಒಂದು ವಿಭಾಗವನ್ನು ಆರಿಸಿಕೊಂಡು ಆಳವಾದ ಓದು. ಬೋಧಕವರ್ಗವನ್ನು ವಿಭಾಗಗಳಾಗಿ ವಿಂಗಡಿಸಿ ಪ್ರತಿ ವಿಭಾಗಕ್ಕೂ ಹೊಣೆಗಾರನನ್ನು ನೇಮಿಸಿದ. ಹಂಚಿಹೋದ ಅಧಿಕಾರದಲ್ಲಿ ಹೊಣೆಗಾರಿಕೆ ಇರುವುದಿಲ್ಲವೆಂದು ಕಾಂಗ್ರೆಸ್ಸಿನ ಬಗ್ಗೆ ಬರೆದದ್ದೇ ಇಲ್ಲಿ ಕಚೇರಿಯ ನಿಯಮವಾಯಿತು. ಇಂದು ಅಮೆರಿಕದ ಬಹುತೇಕ ಕಾಲೇಜುಗಳಲ್ಲಿ ಪದವಿಯ ಓದು ಹೀಗೆಯೇ ಇದೆ.

1905ರ ಪ್ರಿಸೆಪ್ಟರ್ ಪದ್ಧತಿ ಅವನ ಅತ್ಯುತ್ತಮ ಸಾಧನೆ. ಅದಕ್ಕೆ ಮುಂಚೆ ತರಗತಿಯೆಂದರೆ ಅಧ್ಯಾಪಕ ಪಠ್ಯಪುಸ್ತಕದಿಂದ ಪ್ರಶ್ನೆ ಕೇಳುವುದು, ವಿದ್ಯಾರ್ಥಿ ಎದ್ದುನಿಂತು ಒಪ್ಪಿಸುವುದು. ವಿಲ್ಸನ್ ಆಕ್ಸ್‌ಫರ್ಡಿನ ಟ್ಯೂಟರ್‌ಗಳನ್ನು ಮನಸ್ಸಿನಲ್ಲಿಟ್ಟುಕೊಂಡು ಏಕಕಾಲಕ್ಕೆ ಸುಮಾರು ಐವತ್ತು ತರುಣ ವಿದ್ವಾಂಸರನ್ನು ನೇಮಿಸಿದ. ನಾಲ್ಕೈದು ಮಂದಿ ವಿದ್ಯಾರ್ಥಿಗಳು ವಾರಕ್ಕೊಮ್ಮೆ ಪ್ರಿಸೆಪ್ಟರನ ಕೋಣೆಗೆ ಹೋಗಿ ಕುರ್ಚಿಯಲ್ಲಿ ಕೂರುತ್ತಿದ್ದರು. ಎದುರಿಗೆ ಓದಿ ಬಂದ ಪುಸ್ತಕ. ಗ್ರಂಥಕರ್ತ ಹೇಳಿದ್ದು ಸರಿಯೇ, ಏಕೆ ಎಂಬುದೇ ಮಾತಿನ ವಿಷಯ. ಅಂಕವಿಲ್ಲ, ಒಪ್ಪಿಸುವುದಿಲ್ಲ, ಓದದೆ ಬಂದವನು ಐದು ಜನರ ನಡುವೆ ಬಚ್ಚಿಟ್ಟುಕೊಳ್ಳುವುದಕ್ಕೂ ಜಾಗವಿಲ್ಲ. ಅಭ್ಯರ್ಥಿಗಳಲ್ಲಿ ಬಹಳ ಮಂದಿಯನ್ನು ವಿಲ್ಸನ್ ತಾನೇ ಕೂರಿಸಿಕೊಂಡು ಮಾತಾಡಿಸಿದ. ಸಂವಿಧಾನಶಾಸ್ತ್ರಜ್ಞ ಎಡ್ವರ್ಡ್ ಕಾರ್ವಿನ್, ಗಣಿತಜ್ಞರಾದ ಆಸ್ವಾಲ್ಡ್ ವೆಬ್ಲನ್ ಮತ್ತು ಲೂಥರ್ ಐಸೆನ್‌ಹಾರ್ಟ್, ಇತಿಹಾಸಕಾರ ಚಾರ್ಲ್ಸ್ ಮೆಕಿಲ್ವೇನ್ ಹೀಗೆ ಪ್ರಿಸೆಪ್ಟರ್ ಆದವರು. ಪ್ರಿನ್ಸ್‌ಟನ್ ಮುಂದೆ ಗಣಿತದ ದೊಡ್ಡ ಕೇಂದ್ರವಾದದ್ದರ ಬೇರು ಇಲ್ಲಿದೆ. ಇದೇ ಕಾಲದಲ್ಲಿ ಇಂಗ್ಲೆಂಡಿನಿಂದ ಜೇಮ್ಸ್ ಜೀನ್ಸ್ ಮತ್ತು ಮುಂದೆ ನೊಬೆಲ್ ಪಡೆದ ಓವೆನ್ ರಿಚರ್ಡ್‌ಸನ್ ಬಂದರು. ಖರ್ಚನ್ನು ಭರಿಸಿದವರು ಹಳೆಯ ವಿದ್ಯಾರ್ಥಿಗಳು. ವಿಲ್ಸನ್ ಊರೂರಿಗೆ ಹೋಗಿ ಅವರ ಮುಂದೆ ಮಾತಾಡಿ ಒಪ್ಪಿಸಿದ್ದ. ನಾಯಕನಾದವನು ಸಮಿತಿಗಳನ್ನು ದಾಟಿ ನೇರವಾಗಿ ಜನರ ಮುಂದೆ ಹೋಗಬೇಕೆಂಬ ಅವನ ನಂಬಿಕೆಗೆ ಸಿಕ್ಕ ಮೊದಲ ಗೆಲುವು ಇದು. ಅತಿಯಾದ ಆತ್ಮವಿಶ್ವಾಸ ಹುಟ್ಟಿದ್ದೂ ಇಲ್ಲಿಂದಲೇ ಎನ್ನಬೇಕು.

1906ರಲ್ಲಿ ಟ್ರಸ್ಟಿಗಳು ವಿಶ್ವವಿದ್ಯಾಲಯ ಯಾವ ಪಂಥಕ್ಕೂ ಸೇರಿದ್ದಲ್ಲವೆಂದು ಘೋಷಿಸಿದರು. ಬೋಧಕವರ್ಗಕ್ಕೆ ಮೊದಲ ಯಹೂದಿ (ಹೊರೇಸ್ ಕ್ಯಾಲನ್, 1903), ಮೊದಲ ರೋಮನ್ ಕ್ಯಾಥೊಲಿಕ್ (ಡೇವಿಡ್ ಮೆಕೇಬ್, 1909) ಬಂದದ್ದು ಅವನ ಕಾಲದಲ್ಲಿ. ಆಂಡ್ರೂ ಕಾರ್ನೆಗಿಯಿಂದ ಓದಿಗೆ ಬೇಕಾದ ನೆರವು ಸಿಗಬಹುದೆಂದು ಕಾದರೆ, ಆತ ಕೊಟ್ಟದ್ದು ದೋಣಿ ಸ್ಪರ್ಧೆಗೆ ಒಂದು ಸರೋವರ. ಅದೂ 1906ರಲ್ಲೇ ಸಿದ್ಧವಾಯಿತು.

ಅಧ್ಯಕ್ಷನ ಮನೆಗೆ ಪ್ರಾಸ್ಪೆಕ್ಟ್ ಎಂದು ಹೆಸರು. ಅದರ ಹಿಂದಿನ ತೋಟವನ್ನು ರೂಪಿಸಿದವಳು ಎಲೆನ್. 1904ರಲ್ಲಿ ಫುಟ್‌ಬಾಲ್ ನೋಡಲು ಬಂದ ಜನಜಂಗುಳಿ ಅದನ್ನು ತುಳಿದು ಹಾಕಿದಾಗ ವಿಲ್ಸನ್ ಸುತ್ತ ಕಬ್ಬಿಣದ ಬೇಲಿ ಹಾಕಿಸಿದ.

1906ರ ಮೇ ತಿಂಗಳಲ್ಲಿ ಒಂದು ಬೆಳಗ್ಗೆ ಎದ್ದಾಗ ಎಡಗಣ್ಣು ಕಾಣುತ್ತಿರಲಿಲ್ಲ. ರಕ್ತನಾಳದ ಕಾಯಿಲೆ. ಕೆಲಸ ಬಿಡಬೇಕೆಂದು ಒಬ್ಬ ವೈದ್ಯ ಹೇಳಿದ. ಇಂಗ್ಲೆಂಡಿನ ಸರೋವರಗಳ ನಾಡಿನಲ್ಲಿ ಬೇಸಿಗೆ ಕಳೆದು ಮರಳಿದ. ಹಿಂದಿರುಗಿದ ವಿಲ್ಸನ್‌ಗೆ ಆತುರ ಹೆಚ್ಚಿತ್ತು, ತಾಳ್ಮೆ ಕಡಿಮೆಯಾಗಿತ್ತು. ಆ ಬದಲಾವಣೆಗೆ ಕಾಯಿಲೆ ಎಷ್ಟರಮಟ್ಟಿಗೆ ಕಾರಣ ಎಂಬುದರ ಬಗ್ಗೆ ಚರಿತ್ರಕಾರರಲ್ಲಿ ದೀರ್ಘ ವಾಗ್ವಾದವೇ ನಡೆದಿದೆ.

ಊಟದ ಕ್ಲಬ್ಬುಗಳ ಜಗಳ

ಪ್ರಿನ್ಸ್‌ಟನ್ನಿನ ಪ್ರಾಸ್ಪೆಕ್ಟ್ ಅವೆನ್ಯೂ ಬೀದಿಯಲ್ಲಿ ಸಾಲಾಗಿ ಭವ್ಯ ಮನೆಗಳಿವೆ. ಅವು ಮೇಲಿನ ಎರಡು ವರ್ಷದ ವಿದ್ಯಾರ್ಥಿಗಳ ಊಟದ ಕ್ಲಬ್ಬುಗಳು. ಮೊದಲನೆಯದಾದ ಐವಿ ಕ್ಲಬ್ ಶುರುವಾದದ್ದು 1879ರಲ್ಲಿ. ಇರುವ ಸದಸ್ಯರು ಆರಿಸಿದರೆ ಮಾತ್ರ ಹೊಸಬರಿಗೆ ಪ್ರವೇಶ. ಎರಡನೆಯ ವರ್ಷದ ಹುಡುಗರು ಯಾರ ಜೊತೆ ಓಡಾಡಿದರೆ ಯಾವ ಕ್ಲಬ್ಬು ಸಿಗುತ್ತದೆಂಬ ಲೆಕ್ಕಾಚಾರದಲ್ಲೇ ವರ್ಷ ಕಳೆಯುತ್ತಿದ್ದರು. ಸುಮಾರು ಮೂರನೆಯ ಒಂದು ಭಾಗದವರು ಹೊರಗೆ ಉಳಿಯುತ್ತಿದ್ದರು. ಜೊತೆಯವರೆಲ್ಲ ಒಂದು ಪಂಕ್ತಿಯಲ್ಲಿ ಉಣ್ಣುವಾಗ ತಾನು ಬೇರೆಡೆ ಉಣ್ಣಬೇಕಾದವನ ನೋವನ್ನು ನಮ್ಮ ನಾಡಿನ ಓದುಗರಿಗೆ ಬಿಡಿಸಿ ಹೇಳಬೇಕಿಲ್ಲ.

1906ರ ಡಿಸೆಂಬರ್‌ನಲ್ಲಿ ವಿಲ್ಸನ್ ಟ್ರಸ್ಟಿಗಳಿಗೆ ಒಂದು ಯೋಜನೆ ಕೊಟ್ಟ. ಅಂಗಳವನ್ನು ಸುತ್ತುವರಿದ ಕಟ್ಟಡಗಳಲ್ಲಿ ನಾಲ್ಕೂ ವರ್ಷದ ವಿದ್ಯಾರ್ಥಿಗಳು, ಜೊತೆಗೆ ಕೆಲವು ಅವಿವಾಹಿತ ಅಧ್ಯಾಪಕರು ಒಟ್ಟಿಗೆ ಇರಬೇಕು, ಒಟ್ಟಿಗೆ ಉಣ್ಣಬೇಕು. ಕ್ಲಬ್ಬುಗಳು ಅದರಲ್ಲಿ ಲೀನವಾಗಬೇಕು. ಇದೇ ಕ್ವಾಡ್ ಯೋಜನೆ. 1907ರ ಜೂನ್‌ನಲ್ಲಿ ಟ್ರಸ್ಟಿಗಳು ತಾತ್ವಿಕವಾಗಿ ಒಪ್ಪಿದರು. ಸುದ್ದಿ ಹಳೆಯ ವಿದ್ಯಾರ್ಥಿಗಳಿಗೆ ತಲುಪಿದಾಗ ಕಿಡಿ ಹೊತ್ತಿಕೊಂಡಿತು. ತಾವು ಹಣ ಹಾಕಿ ಕಟ್ಟಿದ, ಪ್ರತಿ ವರ್ಷ ಬಂದು ಕೂಡುವ ಮನೆಗಳನ್ನು ತಮ್ಮನ್ನು ಒಂದು ಮಾತೂ ಕೇಳದೆ ಮುಚ್ಚಿಸಲು ಹೊರಟಿದ್ದಾನೆಂಬುದು ಅವರ ಸಿಟ್ಟು. ದೊಡ್ಡ ದಾನಿಯೂ ಟ್ರಸ್ಟಿಯೂ ಆದ ಮೋಸೆಸ್ ಟೇಲರ್ ಪೈನ್ ತಿರುಗಿಬಿದ್ದ. ಬೋಧಕರ ಸಭೆಯಲ್ಲಿ ಯೋಜನೆಗೆ ವಿರುದ್ಧವಾದ ನಿರ್ಣಯ ಮಂಡಿಸಿದವನು ಕವಿ ಹೆನ್ರಿ ವ್ಯಾನ್ ಡೈಕ್. ಅದನ್ನು ಅನುಮೋದಿಸಲು ಎದ್ದುನಿಂತವನು ಜಾನ್ ಗ್ರಿಯರ್ ಹಿಬನ್. ವಿಲ್ಸನ್ ದಿನವೂ ಮನಸ್ಸು ಬಿಚ್ಚಿ ಮಾತಾಡುತ್ತಿದ್ದ ಅತ್ಯಾಪ್ತ ಗೆಳೆಯ ಅವನು. ಆ ಗೆಳೆತನ ಮತ್ತೆ ಕೂಡಲಿಲ್ಲ. ಬೋಧಕರಲ್ಲಿ ಹೆಚ್ಚಿನವರು, ಅದರಲ್ಲೂ ಹೊಸ ಪ್ರಿಸೆಪ್ಟರುಗಳು, ಅಧ್ಯಕ್ಷನ ಪರ ನಿಂತು ಆ ನಿರ್ಣಯವನ್ನು ಸೋಲಿಸಿದರು. ಆದರೆ ಅಕ್ಟೋಬರ್ 17ರಂದು ಟ್ರಸ್ಟಿಗಳು ಯೋಜನೆಯನ್ನು ಕೈಬಿಡುವಂತೆ ಕೇಳಿದರು.

ಸೋತದ್ದು ಯೋಜನೆಯ ತಪ್ಪಿನಿಂದಲ್ಲ. ಅದು ಒಳ್ಳೆಯ ಯೋಜನೆ. ಪ್ರಿಸೆಪ್ಟರ್ ಪದ್ಧತಿಗೆ ಮೊದಲು ಮೂರು ವರ್ಷ ನೆಲ ಹದ ಮಾಡಿದ್ದವನು ಇಲ್ಲಿ ಯಾರನ್ನೂ ಕೇಳದೆ ತೀರ್ಮಾನವನ್ನೇ ತಂದಿಟ್ಟ. ಇಂಗ್ಲೆಂಡಿನ ಪ್ರಧಾನಿ ಪಾರ್ಲಿಮೆಂಟಿನಲ್ಲಿ ಸೋತರೆ ಮತದಾರರ ಬಳಿಗೆ ಹೋಗಬಹುದು. ಪ್ರಿನ್ಸ್‌ಟನ್ನಿನಲ್ಲಿ ಮತದಾರರೆಂದರೆ ಹಳೆಯ ವಿದ್ಯಾರ್ಥಿಗಳು, ಅವರೇ ಎದುರುಪಕ್ಷ. ಆ ವರ್ಷದ ವಸಂತದಲ್ಲಿ ವಿಲ್ಸನ್ ಕೊಲಂಬಿಯಾ ವಿಶ್ವವಿದ್ಯಾಲಯದಲ್ಲಿ ಉಪನ್ಯಾಸಗಳನ್ನು ಕೊಟ್ಟಿದ್ದ. 1908ರಲ್ಲಿ ಅವು ಪುಸ್ತಕವಾದವು. ಇಡೀ ರಾಷ್ಟ್ರದ ಪರವಾಗಿ ಮಾತಾಡಬಲ್ಲವನು ರಾಷ್ಟ್ರಾಧ್ಯಕ್ಷನೊಬ್ಬನೇ, ಜನರ ಮನಸ್ಸು ಗೆದ್ದರೆ ಯಾವ ಶಕ್ತಿಯೂ ಅವನನ್ನು ತಡೆಯಲಾರದು ಎಂಬ ಹೊಸ ವಾದ ಅದರಲ್ಲಿದೆ. 1885ರ ಪುಸ್ತಕದಲ್ಲಿ ರಾಷ್ಟ್ರಾಧ್ಯಕ್ಷನಿಗೆ ಇಷ್ಟು ಮಹತ್ವವಿರಲಿಲ್ಲ.

ಕಟ್ಟಡ ಎಲ್ಲಿರಬೇಕು?

ಎರಡನೆಯ ಜಗಳ ಸ್ನಾತಕೋತ್ತರ ಕಾಲೇಜಿನದು. ಅದರ ಡೀನ್ ಆಂಡ್ರೂ ಫ್ಲೆಮಿಂಗ್ ವೆಸ್ಟ್ ಲ್ಯಾಟಿನ್ ಪ್ರಾಧ್ಯಾಪಕ, ದಾನಿಗಳ ಮನಸ್ಸು ಗೆಲ್ಲುವುದರಲ್ಲಿ ನಿಪುಣ. 1906ರಲ್ಲಿ ಎಂಐಟಿಯ ಅಧ್ಯಕ್ಷ ಪದವಿಯ ಆಹ್ವಾನ ಬಂದಾಗ ಇಲ್ಲೇ ಇರಬೇಕೆಂದು ಒತ್ತಾಯಿಸಿದ ಟ್ರಸ್ಟಿಗಳ ನಿರ್ಣಯವನ್ನು ಬರೆದವನು ವಿಲ್ಸನ್ನನೇ. ಸಂಶೋಧನಾ ವಿದ್ಯಾರ್ಥಿಗಳು ಕ್ಯಾಂಪಸ್ಸಿನ ನಟ್ಟನಡುವೆ ಇದ್ದರೆ ಅವರನ್ನು ನೋಡಿ ಕಿರಿಯರಿಗೂ ಓದಿನ ಹಂಬಲ ಹುಟ್ಟುತ್ತದೆ ಎಂಬುದು ವಿಲ್ಸನ್ನನ ವಾದ. ಊರ ಹೊರಗೆ, ಪ್ರಶಾಂತವಾದ ಕಡೆ, ಸುಂದರ ಕಟ್ಟಡದಲ್ಲಿ ಇರಬೇಕೆಂಬುದು ವೆಸ್ಟ್‌ನ ಆಸೆ. 1909ರ ಮೇ ತಿಂಗಳಲ್ಲಿ ಸಾಬೂನು ಉದ್ಯಮಿ ವಿಲಿಯಂ ಕೂಪರ್ ಪ್ರಾಕ್ಟರ್ 5 ಲಕ್ಷ ಡಾಲರ್ ಕೊಡುವುದಾಗಿ ಹೇಳಿದ. ಷರತ್ತು ಎರಡು: ಅಷ್ಟೇ ಹಣವನ್ನು ಬೇರೆಯವರಿಂದಲೂ ಕೂಡಿಸಬೇಕು, ಜಾಗ ತಾನು ಒಪ್ಪುವಂಥದ್ದಾಗಬೇಕು. ಅಕ್ಟೋಬರ್‌ನಲ್ಲಿ ಟ್ರಸ್ಟಿಗಳು ಗಾಲ್ಫ್ ಮೈದಾನದ ಜಾಗಕ್ಕೆ ಒಪ್ಪಿದರು. ದಾನಿಯೊಬ್ಬ ವಿಶ್ವವಿದ್ಯಾಲಯದ ನೀತಿಯನ್ನು ನಿರ್ಧರಿಸುವುದಾದರೆ ತಾನು ಅಲ್ಲಿರುವುದಿಲ್ಲವೆಂದು ವಿಲ್ಸನ್ ಎಚ್ಚರಿಸಿದ.

1910ರ ಜನವರಿಯ ಟ್ರಸ್ಟಿಗಳ ಸಭೆ ಅವನ ಬದುಕಿನ ಕಹಿ ಘಟನೆಗಳಲ್ಲೊಂದು. ವಿಲ್ಸನ್ನನ ಪಕ್ಷದವರು ಕ್ಯಾಂಪಸ್ಸಿನಲ್ಲಿ ಒಂದು, ಗಾಲ್ಫ್ ಮೈದಾನದಲ್ಲಿ ಒಂದು ಎಂದು ಎರಡು ಕಟ್ಟಡಗಳ ರಾಜಿಸೂತ್ರ ಮುಂದಿಟ್ಟಿದ್ದರು. ಪ್ರಾಕ್ಟರ್ ಅದಕ್ಕೂ ಒಪ್ಪಿದ್ದಾನೆಂಬ ಪತ್ರವನ್ನು ಪೈನ್ ಜೇಬಿನಿಂದ ತೆಗೆದ. ಇದನ್ನು ನಿರೀಕ್ಷಿಸದ ವಿಲ್ಸನ್ ಜಾಗದ ವಿಚಾರ ಮುಖ್ಯವೇ ಅಲ್ಲ, ವೆಸ್ಟ್‌ನ ಆದರ್ಶಗಳೇ ತಪ್ಪು ಎಂದುಬಿಟ್ಟ. ಆಗ ವೆಸ್ಟ್ 1903ರಲ್ಲಿ ಹೊರತಂದಿದ್ದ, ಅದೇ ಆದರ್ಶಗಳನ್ನು ವಿವರಿಸುವ ಪುಸ್ತಿಕೆ ಮೇಜಿನ ಮೇಲೆ ಬಂತು. ಅದಕ್ಕೆ ಮೆಚ್ಚುಗೆಯ ಮುನ್ನುಡಿ ಬರೆದಿದ್ದವನು ವಿಲ್ಸನ್. ಮುನ್ನುಡಿ ಬರೆಯುವಾಗ ಪುಸ್ತಿಕೆಯನ್ನು ನೋಡಿರಲಿಲ್ಲವೆಂದು ಆತ ಉತ್ತರಿಸಿದ. ಸಭೆಯಲ್ಲಿದ್ದ ವಿರೋಧಿಗಳು ಅದನ್ನು ನಂಬಲಿಲ್ಲ. ಎರಡು ವರ್ಷ ಜಾಗದ ಮೇಲೆ ವಾದ ಕಟ್ಟಿ, ಜಾಗ ಮುಖ್ಯವಲ್ಲವೆಂದ ಕ್ಷಣದಲ್ಲಿ ವಿಲ್ಸನ್ ತನ್ನ ನೆಲವನ್ನು ತಾನೇ ಬಿಟ್ಟುಕೊಟ್ಟಿದ್ದ.

ಫೆಬ್ರವರಿಯಲ್ಲಿ ಪ್ರಾಕ್ಟರ್ ತನ್ನ ಕೊಡುಗೆಯನ್ನು ಹಿಂತೆಗೆದುಕೊಂಡ. ಅದೇ ತಿಂಗಳು ನ್ಯೂಯಾರ್ಕ್ ಟೈಮ್ಸ್ ಸಂಪಾದಕೀಯವೊಂದು ಈ ಜಗಳವನ್ನು ಪ್ರಜಾಪ್ರಭುತ್ವಕ್ಕೂ ಶ್ರೀಮಂತಿಕೆಯ ಸೊಕ್ಕಿಗೂ ನಡುವಿನ ಹೋರಾಟವೆಂದು ಬಣ್ಣಿಸಿತು. ಅದಕ್ಕೆ ಸಾಮಗ್ರಿ ಒದಗಿಸಿದವನು ವಿಲ್ಸನ್ನನೇ. ಏಪ್ರಿಲ್‌ನಲ್ಲಿ ಪಿಟ್ಸ್‌ಬರ್ಗಿನ ಹಳೆಯ ವಿದ್ಯಾರ್ಥಿಗಳ ಮುಂದೆ, ಕಾಲೇಜುಗಳೂ ಚರ್ಚುಗಳೂ ಸಿರಿವಂತರ ಮರ್ಜಿ ಕಾಯುತ್ತಿವೆ, ಸಾಮಾನ್ಯ ಜನರನ್ನು ಮರೆತಿವೆ ಎಂದು ಕಟುವಾಗಿ ಮಾತಾಡಿದ. ಪ್ರಿನ್ಸ್‌ಟನ್ನಿನಲ್ಲಿ ಕಳೆದುಕೊಂಡ ಬೆಂಬಲ ಹೊರಗೆ, ದೇಶದ ಜನರಲ್ಲಿ ಸಿಗತೊಡಗಿತು. ಮೇ 18ರಂದು ಮ್ಯಾಸಚೂಸೆಟ್ಸಿನ ಸೇಲಂ ಊರಿನಲ್ಲಿ ಐಸಾಕ್ ವೈಮನ್ ಎಂಬ ಹಳೆಯ ವಿದ್ಯಾರ್ಥಿ ತೀರಿಕೊಂಡ. ಆಸ್ತಿಯ ಬಹುಪಾಲನ್ನು ಸ್ನಾತಕೋತ್ತರ ಕಾಲೇಜಿಗೆ ಬರೆದಿಟ್ಟು, ಉಯಿಲು ಜಾರಿ ಮಾಡುವವರಲ್ಲಿ ವೆಸ್ಟ್‌ನನ್ನೂ ಹೆಸರಿಸಿದ್ದ. ಕನಿಷ್ಠ 20 ಲಕ್ಷ ಡಾಲರ್ ಎಂದು ಸುದ್ದಿ ಹಬ್ಬಿತು. ಕೊನೆಗೆ ಕೈಗೆ ಬಂದದ್ದು ಅದಕ್ಕಿಂತ ಬಹಳ ಕಡಿಮೆ. ಆದರೆ ಆ ಹೊತ್ತಿಗೆ ಅಷ್ಟು ಸಾಕಾಗಿತ್ತು. ಬದುಕಿರುವವರನ್ನು ಎದುರಿಸಬಹುದು, ಸತ್ತವನೊಡನೆ ಜಗಳವಾಡಲಾಗದೆಂದು ವಿಲ್ಸನ್ ಸೋಲೊಪ್ಪಿದ. ಪ್ರಾಕ್ಟರ್ ಮತ್ತೆ ಮುಂದೆ ಬಂದ. ಗಾಲ್ಫ್ ಮೈದಾನದ ಮೇಲೆ ಎದ್ದ ಕಾಲೇಜು 1913ರಲ್ಲಿ ಉದ್ಘಾಟನೆಯಾಯಿತು. ಆಗ ವಿಲ್ಸನ್ ಶ್ವೇತಭವನದಲ್ಲಿದ್ದ.

ಒಂದು ಕಟ್ಟಡ ಎಲ್ಲಿರಬೇಕೆಂಬುದು 1887ರ ಪ್ರಬಂಧದ ಪ್ರಕಾರ ಶುದ್ಧ ಆಡಳಿತದ ಪ್ರಶ್ನೆ. ಯಾರು ಯಾರ ಪಕ್ಕ ಬದುಕಬೇಕು, ಹಣ ಕೊಟ್ಟವನ ಮಾತು ಎಷ್ಟು ನಡೆಯಬೇಕು, ವಿಶ್ವವಿದ್ಯಾಲಯ ಯಾರದ್ದು ಎಂಬ ಪ್ರಶ್ನೆಗಳೆಲ್ಲ ಆ ಒಂದು ನಿವೇಶನದೊಳಗೆ ಅಡಗಿದ್ದವು. ಆಡಳಿತದ ಒಡಲಲ್ಲೇ ರಾಜಕೀಯವಿದೆ ಎಂಬುದಕ್ಕೆ ಇಷ್ಟು ಸ್ಪಷ್ಟವಾದ ಉದಾಹರಣೆಯನ್ನು ಆ ಪ್ರಬಂಧದ ಕರ್ತೃವೇ ಒದಗಿಸಿದ.

ಸಂಪಾದಕ ಜಾರ್ಜ್ ಹಾರ್ವಿ ಬಹು ಹಿಂದೆಯೇ ಈತನನ್ನು ರಾಜಕೀಯಕ್ಕೆ ತರಲು ಓಡಾಡುತ್ತಿದ್ದ. ನ್ಯೂಜೆರ್ಸಿಯ ಡೆಮಾಕ್ರಟಿಕ್ ಪಕ್ಷದ ಮುಖಂಡರು 1910ರ ಸೆಪ್ಟೆಂಬರ್‌ನಲ್ಲಿ ಗವರ್ನರ್ ಹುದ್ದೆಯ ಉಮೇದುವಾರಿಕೆ ಕೊಟ್ಟರು. ಅಕ್ಟೋಬರ್ 20ರಂದು ಪ್ರಿನ್ಸ್‌ಟನ್ನಿಗೆ ರಾಜೀನಾಮೆ. ನವೆಂಬರ್‌ನಲ್ಲಿ ಸುಮಾರು 49,000 ಮತಗಳ ಗೆಲುವು. 1912ರಲ್ಲಿ ಪ್ರಿನ್ಸ್‌ಟನ್ ತನ್ನ ಮುಂದಿನ ಅಧ್ಯಕ್ಷನನ್ನಾಗಿ ಆರಿಸಿದ್ದು ಹಿಬನ್ನನನ್ನು.

ಸಮಕಾಲೀನರು

ರಾಜ್ಯಶಾಸ್ತ್ರ ಆಗಷ್ಟೇ ಕಣ್ಣು ಬಿಡುತ್ತಿದ್ದ ಕಾಲದಲ್ಲಿ ಅದರ ಹಿರಿಯರಲ್ಲಿ ಹಲವರು ವಿಶ್ವವಿದ್ಯಾಲಯಗಳ ಚುಕ್ಕಾಣಿ ಹಿಡಿದರು. 1903ರಲ್ಲಿ ಸ್ಥಾಪನೆಯಾದ ಅಮೆರಿಕದ ರಾಜ್ಯಶಾಸ್ತ್ರ ಸಂಘದ ಮೊದಲ ಅಧ್ಯಕ್ಷ ಫ್ರಾಂಕ್ ಗುಡ್‌ನೌ 1914ರಿಂದ 1929ರವರೆಗೆ ಜಾನ್ಸ್ ಹಾಪ್ಕಿನ್ಸ್‌ನ ಅಧ್ಯಕ್ಷನಾಗಿದ್ದ. ಅದೇ ಸಂಘಕ್ಕೆ ವಿಲ್ಸನ್ನನಿಗಿಂತ ಹಿಂದಿನ ಅವಧಿಯಲ್ಲಿ ಅಧ್ಯಕ್ಷನಾಗಿದ್ದವನು ಎ. ಲಾರೆನ್ಸ್ ಲೊವೆಲ್, ಇಂಗ್ಲೆಂಡಿನ ಸರ್ಕಾರವನ್ನು ಕುರಿತು ದೊಡ್ಡ ಗ್ರಂಥ ಬರೆದವನು, 1909ರಿಂದ 1933ರವರೆಗೆ ಹಾರ್ವರ್ಡಿನ ಅಧ್ಯಕ್ಷ. ವಿಲ್ಸನ್ ಕಂಡ ಕನಸನ್ನೇ ಲೊವೆಲ್ ಕಂಡ, ನನಸನ್ನೂ ಮಾಡಿದ. ಎಡ್ವರ್ಡ್ ಹಾರ್ಕ್‌ನೆಸ್ ಎಂಬ ದಾನಿಯ ಹಣದಿಂದ 1930ರಲ್ಲಿ ಹಾರ್ವರ್ಡಿನ ಮೊದಲ ವಸತಿಗೃಹಗಳು ತೆರೆದವು, ಯೇಲ್‌ನಲ್ಲೂ ಅವನದೇ ಹಣದಿಂದ ಅಂಥವು ಬಂದವು. ಲೊವೆಲ್ ಇಪ್ಪತ್ತು ವರ್ಷ ಕಾದ, ಹಳೆಯ ಕ್ಲಬ್ಬುಗಳ ತಂಟೆಗೆ ಹೋಗಲಿಲ್ಲ, ಇಡೀ ಖರ್ಚು ಹೊರುವ ದಾನಿ ಸಿಕ್ಕಿದ. ಇದೇ ಲೊವೆಲ್ 1922ರಲ್ಲಿ ಯಹೂದಿ ವಿದ್ಯಾರ್ಥಿಗಳ ಸಂಖ್ಯೆಗೆ ಮಿತಿ ಹಾಕಲು ಹೊರಟವನು.

ಹೊರಗುಳಿದವರು

ಪ್ರಜಾಪ್ರಭುತ್ವದ ಪರವಾಗಿ ಪಿಟ್ಸ್‌ಬರ್ಗಿನಲ್ಲಿ ಮಾತಾಡಿದ ವಿಲ್ಸನ್ ತನ್ನ ವಿಶ್ವವಿದ್ಯಾಲಯದ ಬಾಗಿಲನ್ನು ಕರಿಯರಿಗೆ ತೆರೆಯಲಿಲ್ಲ. ಹಾರ್ವರ್ಡ್ ಮತ್ತು ಯೇಲ್ ಹತ್ತೊಂಬತ್ತನೆಯ ಶತಮಾನದಲ್ಲೇ ಅವರನ್ನು ಸೇರಿಸಿಕೊಂಡಿದ್ದವು. 1909ರಲ್ಲಿ ಒಬ್ಬ ಕರಿಯ ವಿದ್ಯಾರ್ಥಿ ಪ್ರವೇಶ ಕೋರಿ ಬರೆದಾಗ, ಅಂಥವರು ಪ್ರಿನ್ಸ್‌ಟನ್ನಿಗೆ ಬರುವುದು ತರವಲ್ಲವೆಂಬ ಉತ್ತರ ವಿಲ್ಸನ್ನನ ಸೂಚನೆಯಂತೆ ಹೋಯಿತು. ಪದವಿ ತರಗತಿಗಳಿಗೆ ಕರಿಯ ವಿದ್ಯಾರ್ಥಿಗಳು ಬಂದು ಓದು ಮುಗಿಸಿದ್ದು 1940ರ ದಶಕದಲ್ಲಿ. ರಾಷ್ಟ್ರಾಧ್ಯಕ್ಷನಾದ ಮೇಲೆ ಅವನ ಮಂತ್ರಿಗಳು ಕೇಂದ್ರ ಸರ್ಕಾರದ ಕಚೇರಿಗಳಲ್ಲಿ ಕರಿಯ ನೌಕರರನ್ನು ಬೇರೆ ಕೂರಿಸಿದಾಗ ಆತ ತಡೆಯಲಿಲ್ಲ, ಸಮರ್ಥಿಸಿಕೊಂಡ. ಊಟದ ಕ್ಲಬ್ಬಿನ ಹೊರಗುಳಿದ ಹುಡುಗನ ಅವಮಾನ ಕಾಣಿಸಿದ ಕಣ್ಣಿಗೆ ಇದು ಕಾಣಿಸಲಿಲ್ಲ ಎಂಬುದನ್ನು ಅವನ ಸಾಧನೆಯ ಪಕ್ಕದಲ್ಲೇ ಇಟ್ಟು ನೋಡಬೇಕು.

ಪ್ರಿನ್ಸ್‌ಟನ್ನಿನಲ್ಲಿ 1930ರಲ್ಲಿ ಶುರುವಾದ ಸಾರ್ವಜನಿಕ ಮತ್ತು ಅಂತರರಾಷ್ಟ್ರೀಯ ವ್ಯವಹಾರಗಳ ಶಾಲೆಗೆ 1948ರಲ್ಲಿ ವಿಲ್ಸನ್ನನ ಹೆಸರಿಟ್ಟರು. 2015ರಲ್ಲಿ ವಿದ್ಯಾರ್ಥಿಗಳು ಅಧ್ಯಕ್ಷರ ಕಚೇರಿಯಲ್ಲಿ ಧರಣಿ ಕೂತು ಹೆಸರು ತೆಗೆಯಬೇಕೆಂದರು. ಮರುವರ್ಷ ಟ್ರಸ್ಟಿಗಳು ಹೆಸರನ್ನು ಉಳಿಸಿಕೊಂಡರು. 2020ರ ಜೂನ್‌ನಲ್ಲಿ ತೆಗೆದರು. ಜೊತೆಗೆ ವಿಲ್ಸನ್ ಕಾಲೇಜ್ ಎಂಬ ವಸತಿ ಕಾಲೇಜಿನ ಹೆಸರೂ ಹೋಗಿ ಅದು ಫಸ್ಟ್ ಕಾಲೇಜ್ ಆಯಿತು. ಊಟದ ಕ್ಲಬ್ಬುಗಳ ಆಯ್ಕೆಯ ರೀತಿಯನ್ನು ಒಪ್ಪದ ವಿದ್ಯಾರ್ಥಿಗಳು 1950ರ ದಶಕದಲ್ಲಿ ತಾವಾಗಿ ಕಟ್ಟಿಕೊಂಡ ಕೂಟದಿಂದ ಬೆಳೆದ ಕಾಲೇಜು ಅದು. ಪ್ರಿನ್ಸ್‌ಟನ್ 1982ರಲ್ಲಿ ಮೊದಲೆರಡು ವರ್ಷದವರೆಲ್ಲರಿಗೂ ವಸತಿ ಕಾಲೇಜುಗಳನ್ನು ಏರ್ಪಡಿಸಿತು. 2007ರಲ್ಲಿ, ಟ್ರಸ್ಟಿಗಳು ಕ್ವಾಡ್ ಯೋಜನೆಯನ್ನು ತಳ್ಳಿಹಾಕಿ ಸರಿಯಾಗಿ ನೂರು ವರ್ಷಕ್ಕೆ, ನಾಲ್ಕೂ ವರ್ಷದವರು ಒಟ್ಟಿಗೆ ಇರುವ ಕಾಲೇಜುಗಳು ಆರಂಭವಾದವು. ಪ್ರಾಸ್ಪೆಕ್ಟ್ ಅವೆನ್ಯೂವಿನ ಕ್ಲಬ್ಬುಗಳು ಇಂದಿಗೂ ನಡೆಯುತ್ತಿವೆ. ಪ್ರಿಸೆಪ್ಟರ್ ತರಗತಿಯೂ ನಡೆಯುತ್ತಿದೆ. ವಿದ್ಯಾರ್ಥಿಗಳು ಅದನ್ನು ಪ್ರಿಸೆಪ್ಟ್ ಎನ್ನುತ್ತಾರೆ.